ಎತ್ತಿಡುವವಳು

ನಮ್ಮ ಊರಿನಲ್ಲಿ ಯಾರೂ ಯಾರಿಗೂ ಮುಖಕ್ಕೆ ಹೊಡೆದ ಹಾಗೆ "ಇಲ್ಲ" ಅನ್ನುವುದಿಲ್ಲ. ಊಟಕ್ಕೆ ಕರೆದರೆ ಬರುತ್ತೇವೆ ಅನ್ನುತ್ತೇವೆ, ಹೋಗುವುದಿಲ್ಲ. ಮನೆಗೆ ಬನ್ನಿ ಅನ್ನುತ್ತೇವೆ, ಬಂದುಬಿಟ್ಟರೆ ಕಂಗಾಲಾಗುತ್ತೇವೆ. ಅಂಗಡಿಗೆ ಹೊಕ್ಕು ಹತ್ತು ಸೀರೆ ಬಿಚ್ಚಿಸಿ ಒಂದೂ ಮನಸ್ಸಿಗೆ ಬಾರದಿದ್ದರೆ, ಬರಿಗೈಯಲ್ಲಿ ಎದ್ದುಬರುವ ಸಂಕೋಚಕ್ಕೆ ಯಾವುದಾದರೊಂದರ ಮೇಲೆ ಬೆರಳಿಟ್ಟು, "ಇದನ್ನ ಎತ್ತಿಡಿ, ಬರ್ತೀನಿ" ಅನ್ನುತ್ತೇವೆ. ಅಂಗಡಿಯವನಿಗೂ ಗೊತ್ತು, ನಮಗೂ ಗೊತ್ತು. ಅವನು ನಕ್ಕು ಸೀರೆ ಮಡಚುತ್ತಾನೆ, ನಾವು ಚಪ್ಪಲಿ ಮೆಟ್ಟುತ್ತೇವೆ. ಇದನ್ನು ನಾವು ಸುಳ್ಳು ಅಂತ ಕರೆಯುವುದಿಲ್ಲ, ಮರ್ಯಾದೆ ಅಂತ ಕರೆಯುತ್ತೇವೆ. ಈ ಮರ್ಯಾದೆಯಿಂದಲೇ ನಮ್ಮಲ್ಲಿ ಒಂದು ಮಾಲ್ ಬೆಳೆಯಿತು, ಇದರಿಂದಲೇ ಬಿದ್ದಿತು. ಅದು ಹೇಗೆ ಅಂತ ಹೇಳುತ್ತೇನೆ.

ನಾಲ್ಕು ದಾರಿ ಕೂಡುವ ಬಯಲಿನಲ್ಲಿ ಅದು ಇತ್ತು. ಎಷ್ಟು ವರ್ಷ ಕಟ್ಟಿದರೋ ಯಾರಿಗೂ ನೆನಪಿಲ್ಲ. ಒಂದು ಬೆಳಗ್ಗೆ ಎದ್ದು ನೋಡಿದರೆ ನಿಂತಿತ್ತು. ಮೂರು ಅಂತಸ್ತು, ಗಾಜಿನ ಗೋಡೆ, ಗಾಜಿನ ಚಾವಣಿ. ಒಳಗೆ ಒಂದು ಕಾರಂಜಿ, ತಾನೇ ಹತ್ತುವ ಮೆಟ್ಟಿಲು, ನಡುಬೇಸಿಗೆಯಲ್ಲೂ ರೋಮ ನಿಲ್ಲಿಸುವಂಥ ತಣ್ಣನೆ ಗಾಳಿ. ಮೊದಲ ದಿನ ನಾಲ್ಕು ದಾರಿಯಿಂದಲೂ ಜನ ಬಂದರು. ಬಂದವರು ಬಾಗಿಲಲ್ಲೇ ಚಪ್ಪಲಿ ಬಿಟ್ಟರು.

"ಹಾಕ್ಕೊಂಡೇ ಬರ್ರೀ, ಹಾಕ್ಕೊಂಡೇ ಬರ್ರೀ" ಅಂತ ಕಾವಲುಗಾರ ಕೂಗಿದ.

"ಇಷ್ಟು ಹೊಳೆಯೋ ನೆಲದ ಮೇಲಾ? ನಿಮ್ಮವ್ವ ನಿಂಗೆ ಇದೇನಾ ಕಲಿಸಿದ್ದು?" ಅಂತ ಹೆಂಗಸರು ಅವನನ್ನೇ ಗದರಿಸಿದರು. ಸಂಜೆ ಹೊತ್ತಿಗೆ ಬಾಗಿಲ ಮುಂದೆ ಚಪ್ಪಲಿಗಳ ಗುಡ್ಡೆಯೇ ಬಿದ್ದಿತ್ತು. ಅರ್ಧ ಊರು ಬೇರೆಯವರ ಚಪ್ಪಲಿ ಮೆಟ್ಟಿಕೊಂಡು ಮನೆಗೆ ಹೋಯಿತು. ತಾನೇ ಹತ್ತುವ ಮೆಟ್ಟಿಲನ್ನು ಮುಟ್ಟಿ ಕಣ್ಣಿಗೊತ್ತಿಕೊಂಡೇ ನಾವು ಕಾಲಿಟ್ಟದ್ದು. ನಗಬೇಡಿ. ಅಷ್ಟು ಆಸೆಯಿಂದ ನಾವು ಆಮೇಲೆ ಯಾವುದರ ಮೇಲೂ ಕಾಲಿಡಲಿಲ್ಲ.

ಆ ದಿನ ಬಟ್ಟೆಯಂಗಡಿಯ ಕಟ್ಟೆಯ ಹಿಂದೆ ಒಬ್ಬ ಹೊಸ ಹುಡುಗಿ ನಿಂತಿದ್ದಳು. ಮೂಡಣ ದಾರಿಯ ತುದಿಯ ಊರಿನವಳು. ಆ ಊರು ನಮ್ಮಂಥದಲ್ಲ. ಅಲ್ಲಿ ಬರುತ್ತೇನೆ ಅಂದವರು ಬರುತ್ತಾರೆ, ಬರಲಾಗದವರು ಆಗುವುದಿಲ್ಲ ಅಂತ ಬಾಯಿಬಿಟ್ಟು ಹೇಳುತ್ತಾರೆ. ನಮಗದು ಒರಟುತನ ಅನ್ನಿಸುತ್ತದೆ. ಅವಳಿಗೆ ಹಿಂದೆ ಮುಂದೆ ಇದ್ದವಳು ಒಬ್ಬಳೇ ತಂಗಿ. ತಂಗಿಯನ್ನು ಊರಲ್ಲಿ ಬಿಟ್ಟು ಕೆಲಸಕ್ಕೆ ಬಂದಿದ್ದಳು.

ಮೊದಲ ಗಿರಾಕಿ ಒಬ್ಬ ಮುದುಕಿ. ಎಲ್ಲ ನೋಡಿದಳು, ಎಲ್ಲ ಮುಟ್ಟಿದಳು, ಏನೂ ಕೊಳ್ಳಲಿಲ್ಲ. ಕೊನೆಗೆ ಸಂಕೋಚವಾಗಿ ಒಂದು ಹಸಿರು ಸೀರೆ ತೋರಿಸಿ, "ಇದನ್ನ ಎತ್ತಿಡವ್ವ, ಬರ್ತೀನಿ" ಅಂದಳು.

ಹುಡುಗಿ ಎತ್ತಿಟ್ಟಳು. ನಿಜವಾಗಿಯೂ ಎತ್ತಿಟ್ಟಳು. ಹೆಸರು, ಊರು, ದಿನ ಬರೆದು ಚೀಟಿ ಚುಚ್ಚಿ, ಮೇಲಿನ ಹಲಗೆಯಲ್ಲಿ ಇಟ್ಟಳು. ಆಮೇಲೆ ಆ ಸೀರೆಗೆ ಮೂವರು ಬಂದರು. ಮೂವರಿಗೂ "ಅದು ಬೇರೆಯವರದು" ಅಂದಳು. ಈ ಸುದ್ದಿ ಮುದುಕಿಯ ಕಿವಿಗೆ ಬಿತ್ತು. ಮುದುಕಿಗೆ ಎರಡು ದಿನ ಅನ್ನ ಸೇರಲಿಲ್ಲ. ಮೂರನೆಯ ದಿನ ಹೋಗಿ ಸೀರೆ ಕೊಂಡಳು. ಕೊಂಡು ಹೊರಡುವಾಗ ಬಾಯಿಗೆ ಬಂದದ್ದು ಅದೇ ಮಾತು; ಒಂದು ನೀಲಿ ಸೀರೆ ತೋರಿಸಿ, "ಇದನ್ನ ಎತ್ತಿಡು, ಬರ್ತೀನಿ" ಅಂದುಬಿಟ್ಟಳು.

ಮಾಲಿನ ಯಜಮಾನ ಬುದ್ಧಿವಂತ. ಗಾಜಿನ ಬಾಗಿಲ ಮೇಲೆ ದಪ್ಪ ಅಕ್ಷರದಲ್ಲಿ ನಿಯಮ ಬರೆಸಿದ. ಇಲ್ಲಿಂದ ಹೊರಡುವವರು ಒಂದಾದರೂ ಸಾಮಾನು ಎತ್ತಿಡಿಸಿ ಹೊರಡಬೇಕು. ಎತ್ತಿಟ್ಟದ್ದನ್ನು ಬೇರೆ ಯಾರಿಗೂ ಕೊಡಕೂಡದು. ಎತ್ತಿಡಿಸಿದವರೇ ಬಂದು ಕೈಯಾರೆ ಒಯ್ಯಬೇಕು. ಕೊನೆಯ ಸಾಮಾನು ಹೋಗುವ ತನಕ ಎತ್ತಿಡುವವಳು ಊರು ಬಿಡಕೂಡದು.

"ಒಪ್ಪಿಗೆನಾ?" ಅಂತ ಹುಡುಗಿಯನ್ನು ಕೇಳಿದ.

"ಒಪ್ಪಿಗೆ" ಅಂದಳು ಅವಳು. ಅವಳ ಊರಿನಲ್ಲಿ ಮಾತು ಅಂದರೆ ಮಾತು. ಅವತ್ತಿನಿಂದ ಎಲ್ಲ ಅಂಗಡಿಗಳ ಎತ್ತಿಟ್ಟ ಸಾಮಾನೂ ಅವಳ ಕಟ್ಟೆಗೇ ಬರತೊಡಗಿತು, ಅವಳ ಹೆಸರು ಎತ್ತಿಡುವವಳು ಅಂತಲೇ ಆಯಿತು.

ಆಹಾ, ಆ ವರ್ಷಗಳು! ಭಾನುವಾರ ಬಂದರೆ ನಾಲ್ಕು ದಾರಿಯೂ ನಮ್ಮ ಕಡೆಗೇ ಹರಿಯುತ್ತಿದ್ದವು. ಬರುತ್ತಿದ್ದೆವು, ಕಾರಂಜಿಯ ನೀರು ಮುಖಕ್ಕೆ ಚಿಮುಕಿಸಿಕೊಳ್ಳುತ್ತಿದ್ದೆವು, ಮೆಟ್ಟಿಲ ಮೇಲೆ ನಿಂತು ದೇವತೆಗಳ ಹಾಗೆ ಮೇಲಕ್ಕೆ ಏರುತ್ತಿದ್ದೆವು. ಮೇಲೆ ಬೇಯಿಸಿ ಲೋಟದಲ್ಲಿ ಕೊಡುವ ಜೋಳ ತಿನ್ನುತ್ತಿದ್ದೆವು, ಅತ್ತರಿನ ಅಂಗಡಿಯ ಮುಂದೆ ಸುಮ್ಮನೆ ಮೂರು ಸಲ ಹಾದುಹೋಗುತ್ತಿದ್ದೆವು. ಹೊಸ ಮದುಮಕ್ಕಳನ್ನು ಮೊದಲು ಅಲ್ಲಿಗೇ ಕರೆತರುತ್ತಿದ್ದರು. ಬಾಣಂತಿ ಮೂರು ತಿಂಗಳಿಗೆ ಹೊರಗೆ ಕಾಲಿಟ್ಟರೆ ಮಗುವಿಗೆ ಮೊದಲು ತೋರಿಸುತ್ತಿದ್ದದ್ದು ಗಾಜಿನ ಚಾವಣಿ. ಜಗಳವಾಡಿದ ಅಣ್ಣತಮ್ಮಂದಿರು ಅಲ್ಲಿ ಎದುರಾದರೆ ಮಾತಾಡಲೇಬೇಕಾಗುತ್ತಿತ್ತು, ಮೆಟ್ಟಿಲು ಇಬ್ಬರನ್ನೂ ಒಂದೇ ಕಡೆಗೆ ಒಯ್ಯುತ್ತಿತ್ತಲ್ಲ.

ಕೊನೆಗೆ ಎತ್ತಿಡುವವಳ ಕಟ್ಟೆಗೆ ಹೋಗುತ್ತಿದ್ದೆವು. ಅವಳು ತಲೆಯೆತ್ತಿ ನೋಡಿ, ಚೀಟಿ ಓದದೆಯೇ ಹೆಸರು ಹಿಡಿದು ಕರೆದು, "ಬಂದ್ರಾ? ನಿಮ್ಮದು ಐತೆ" ಅನ್ನುತ್ತಿದ್ದಳು.

ನಿಮ್ಮದು ಐತೆ. ಈ ಎರಡು ಮಾತಿಗಾಗಿ ಜನ ಮೂವತ್ತು ಮೈಲಿ ಬಸ್ಸಿನಲ್ಲಿ ನಿಂತುಕೊಂಡು ಬರುತ್ತಿದ್ದರು ಅಂದರೆ ನೀವು ನಂಬಬೇಕು. ನಮ್ಮಂಥವರಿಗೆ ಅಂತ ಒಂದು ಸಾಮಾನು ಹೆಸರು ಬರೆಸಿಕೊಂಡು ಎಲ್ಲೋ ಕಾಯುತ್ತಿದೆ ಅನ್ನುವುದನ್ನು ಜಗತ್ತಿನಲ್ಲಿ ಬೇರೆ ಯಾರೂ ನಮಗೆ ಹೇಳಿರಲಿಲ್ಲ. ನಾವು ನಮ್ಮದನ್ನು ಪಡೆದು, ಇನ್ನೊಂದನ್ನು ಎತ್ತಿಡಿಸಿ, ಹಿಗ್ಗಿ ಮನೆಗೆ ಹೋಗುತ್ತಿದ್ದೆವು.

ಪ್ರತಿ ವರ್ಷ ಪಂಚಮಿ ಹತ್ತಿರ ಬಂದಾಗ ಮೂಡಣ ದಾರಿಯ ಬಸ್ಸಿನ ಕಂಡಕ್ಟರ್ ಅವಳ ಕಟ್ಟೆಗೆ ಬರುತ್ತಿದ್ದ. "ಯಕ್ಕಾ, ನಿಮ್ಮ ತಂಗಿ ಹೇಳಿ ಕಳಿಸ್ಯಾರೆ. ಜೋಕಾಲಿ ಕಟ್ಟೀನಿ, ಬಾ ಅಂದ್ರು."

"ಬರ್ತೀನಿ ಅಂತ ಹೇಳಪ್ಪ. ಇಷ್ಟು ಸಾಮಾನು ಹೋಗ್ಲಿ."

ಮುಂದಿನ ವರ್ಷ ತಂಗಿಯ ಮದುವೆ. ಆಮೇಲೆ ತಂಗಿಯ ಮಗುವಿಗೆ ಹೆಸರಿಡುವುದು. ಆಮೇಲೆ ಆ ಮಗುವಿನ ಮದುವೆ. ಕಂಡಕ್ಟರ್‌ನ ಮೀಸೆ ಬೆಳ್ಳಗಾಯಿತು, ಅವಳ ತಲೆ ಬೆಳ್ಳಗಾಯಿತು. ಪ್ರತಿ ಸಲವೂ ಅವಳು ಬರ್ತೀನಿ ಅನ್ನುತ್ತಿದ್ದಳು. ನಮ್ಮ ಹಾಗೆ ಅನ್ನುತ್ತಿರಲಿಲ್ಲ. ನಿಜವಾಗಿಯೂ ಹೊರಡುವವಳ ಹಾಗೆ ಹಲಗೆಗಳ ಕಡೆ ನೋಡಿ, ಎಷ್ಟು ಉಳಿದಿದೆ ಅಂತ ಅಂದಾಜು ಮಾಡಿ ಅನ್ನುತ್ತಿದ್ದಳು.

ಆದರೆ ಉಳಿದದ್ದು ಹೆಚ್ಚುತ್ತಲೇ ಹೋಯಿತು. ಎತ್ತಿಡಿಸಿದವರಲ್ಲಿ ಕೆಲವರು ತೀರಿಕೊಂಡರು, ಕೆಲವರು ಊರು ಬಿಟ್ಟರು, ಕೆಲವರು ಸುಮ್ಮನೆ ಮರೆತರು. ಮೊದಲು ಒಂದು ಹಲಗೆ ತುಂಬಿತು, ಆಮೇಲೆ ಒಂದು ಕೋಣೆ, ಆಮೇಲೆ ಮೇಲಂತಸ್ತು. ಕಡೆಗೆ ಮಾಲಿನಲ್ಲಿ ಚೀಟಿ ಇಲ್ಲದ ಸಾಮಾನೇ ಸಿಗದಂತಾಯಿತು. ಹೊಸಬರು ಬಂದು ಒಂದು ಬಕೆಟ್ಟು ಕೇಳಿದರೆ "ಅದು ಬೇರೆಯವರದು." ಒಂದು ಟವೆಲ್ಲು ಕೇಳಿದರೆ "ಅದೂ ಬೇರೆಯವರದು." ಇದೆಂಥ ಅಂಗಡಿಯಪ್ಪ ಅಂತ ಅವರು ಮೂಗು ಮುರಿದು ಹೊರಟುಹೋಗುತ್ತಿದ್ದರು.

ಅದೇ ಹೊತ್ತಿಗೆ ಪೆಟ್ಟಿಗೆಗಳು ಬರತೊಡಗಿದವು. ಸಾಮಾನು ತುಂಬಿದ ಪೆಟ್ಟಿಗೆಗಳು ಮನೆ ಹುಡುಕಿಕೊಂಡು ಬಂದು ಬಾಗಿಲಲ್ಲಿ ಕೂರುತ್ತಿದ್ದವು. ಬೇಕಾದರೆ ಬಿಚ್ಚು, ಬೇಡವಾದರೆ ಹಿಂದಕ್ಕೆ ತಳ್ಳು. ಪೆಟ್ಟಿಗೆಯ ಮುಂದೆ ಸಂಕೋಚಪಡುವ ಹಾಗಿರಲಿಲ್ಲ, ನೆಪ ಹೇಳುವ ಹಾಗಿರಲಿಲ್ಲ. ನಮಗೆ ಎಷ್ಟು ಹಾಯೆನಿಸಿತು ಅಂದರೆ, ಮಾಲಿಗೆ ಹೋಗುವ ಭಾನುವಾರಗಳು ಒಂದೊಂದಾಗಿ ತಪ್ಪಿದ್ದು ನಮ್ಮ ಗಮನಕ್ಕೇ ಬರಲಿಲ್ಲ.

ಜೋಳದವನು ಹೋದ. ಅತ್ತರಿನವನು ಹೋದ, ಅವನ ಅಂಗಡಿಯ ಮುಂದೆ ವಾಸನೆ ಮಾತ್ರ ಎರಡು ವರ್ಷ ಉಳಿದಿತ್ತು. ಕಾರಂಜಿ ನಿಂತಿತು. ಒಂದು ದಿನ ಮೆಟ್ಟಿಲೂ ನಿಂತಿತು. ನಿಂತ ಮೆಟ್ಟಿಲನ್ನು ಹತ್ತಿ ನೋಡಿ, ಕಾಲು ತಡವರಿಸುತ್ತದೆ; ಅದು ಈಗ ಹೊರಡುತ್ತದೆ ಅಂತ ಮೈ ಇನ್ನೂ ನಂಬಿರುತ್ತದೆ. ಯಜಮಾನ ಇನ್ನೆಲ್ಲೋ ಇನ್ನೊಂದು ಬಯಲು ನೋಡಿಕೊಂಡು ಹೋದ. ಹೋಗುವಾಗ ಗಾಜಿನ ಬಾಗಿಲ ಮೇಲಿನ ಅಕ್ಷರ ಅಳಿಸಲಿಲ್ಲ. ಕಾವಲುಗಾರ ತನ್ನ ಟೋಪಿಯನ್ನು ಎತ್ತಿಡುವವಳ ಕೈಗೆ ಕೊಟ್ಟು, "ನೀನೂ ನಡಿಯವ್ವ" ಅಂದ. "ಮಾತು ಕೊಟ್ಟೀನಲ್ಲ" ಅಂದಳು ಅವಳು. ಅಷ್ಟು ದೊಡ್ಡ ಗಾಜಿನ ಮನೆಯಲ್ಲಿ, ನಮ್ಮ ಸಾಮಾನುಗಳ ನಡುವೆ, ಅವಳೊಬ್ಬಳೇ ಉಳಿದಳು.

ಆ ವರ್ಷ ಕಂಡಕ್ಟರ್ ಪಂಚಮಿಗೆ ಇನ್ನೂ ಒಂದು ತಿಂಗಳಿರುವಾಗಲೇ ಬಂದ. 

"ಯಕ್ಕಾ, ನಿಮ್ಮ ತಂಗಿಗೆ ಕಣ್ಣು ಮಂಜಾಗ್ಯಾವೆ. ದಿನದಿನಕ್ಕೂ ಕಮ್ಮಿ ಆಗ್ತಾವಂತೆ. ಪೂರಾ ಹೋಗೋದ್ರೊಳಗೆ ನಿನ್ನ ಮುಖ ಒಂದ್ಸಲ ನೋಡಬೇಕು, ಬಾ ಅಂದ್ರು. ಜೋಕಾಲಿ ಮಾತು ಎತ್ಲಿಲ್ಲ ಈ ಸಲ."

ಅವಳು ಹಲಗೆಗಳ ಕಡೆ ನೋಡಿದಳು. ಮೂರು ಅಂತಸ್ತು ತುಂಬ ಚೀಟಿಗಳು.

ಮರುದಿನದಿಂದ ಅವಳು ಮನೆಮನೆಗೆ ಬಂದಳು. ಸಾಮಾನು ಹೊರಗೆ ತರುವ ಹಾಗಿಲ್ಲ, ನಾವೇ ಹೋಗಿ ತರಬೇಕು, ಅದಕ್ಕೆ ಬರಿಗೈಯಲ್ಲಿ ಬಂದಳು. ನನ್ನ ಮನೆಗೂ ಬಂದಳು. ಆಗ ನಾನು ಒಂದು ಪೆಟ್ಟಿಗೆ ಬಿಚ್ಚುತ್ತಿದ್ದೆ.

"ನಿಮ್ಮದು ಒಂದು ಐತೆ. ಬಂದು ತಗೊಂಡು ಹೋದ್ರೆ ನಾನು ಊರಿಗೆ ಹೋಗಬೋದು. ನನ್ನ ತಂಗಿಗೆ ಕಣ್ಣು ಹೋಗ್ತಾ ಐತೆ" ಅಂದಳು.

"ಅಯ್ಯೋ ಪಾಪ" ಅಂದೆ ನಾನು. "ಖಂಡಿತ ಯಕ್ಕಾ. ಭಾನುವಾರ ಬರ್ತೀನಿ."

ಎಲ್ಲರೂ ಅದನ್ನೇ ಅಂದರು. ಭಾನುವಾರ ಬರ್ತೀವಿ. ಹಾಗನ್ನುವಾಗ ನಮ್ಮ ಮನಸ್ಸಿನಲ್ಲಿ ಏನಿತ್ತು ಅಂತ ಈಗ ಬಿಚ್ಚಿ ಹೇಳುತ್ತೇನೆ. ಸೋಮಾರಿತನ ಇತ್ತು, ಇಲ್ಲ ಅನ್ನುವುದಿಲ್ಲ. ಅದಕ್ಕಿಂತ ಹೆಚ್ಚಾಗಿ, ನಾನು ಹೋಗಿ ನನ್ನದನ್ನು ತಂದುಬಿಟ್ಟರೆ ಅಲ್ಲಿ ನನ್ನದು ಅಂತ ಏನೂ ಉಳಿಯುವುದಿಲ್ಲವಲ್ಲ ಅನ್ನಿಸಿತ್ತು. ಮಾಲಿಗೆ ಹೋಗದಿದ್ದರೂ ಮಾಲ್ ಇರಬೇಕು, ಅವಳು ಆ ಕಟ್ಟೆಯ ಹಿಂದೆ ಕೂತಿರಬೇಕು. ನಮ್ಮ ಹಳೆಯ ಸಂತೋಷಕ್ಕೆ ಕಾವಲಾಗಿ ಇನ್ನೊಬ್ಬರ ಆಯುಷ್ಯವನ್ನು ಕೂರಿಸಿದ್ದೆವು. ಆಗ ನಾಚಿಕೆಯಾಗಲಿಲ್ಲ. ಈಗ ಆಗುತ್ತದೆ.

ಅವಳು ನಂಬಿದಳು. ನಲವತ್ತು ವರ್ಷ ನಮ್ಮ ನಡುವೆ ಇದ್ದೂ ನಂಬಿದಳು. ಭಾನುವಾರ ನೆಲ ಒರೆಸಿ, ಸಾಮಾನುಗಳ ಧೂಳು ಕೊಡವಿ, ಬೀದಿಬೀದಿಯ ಪ್ರಕಾರ ಜೋಡಿಸಿಟ್ಟುಕೊಂಡು ಕೂತಳು. ಯಾರೂ ಹೋಗಲಿಲ್ಲ. ಮುಂದಿನ ಭಾನುವಾರವೂ ಕೂತಳು. ಯಾರೂ ಹೋಗಲಿಲ್ಲ.

ಮೂರನೆಯ ಭಾನುವಾರ ಒಬ್ಬ ಹೆಂಗಸು ಬಂದಳು. ಆ ಬಯಲಿನ ಪಕ್ಕದಲ್ಲಿ, ನಮ್ಮ ಊರನ್ನು ಮುಟ್ಟದೆ ಹೋಗುವ ಐದನೆಯ ದಾರಿಯೊಂದನ್ನು ಹಾಕುತ್ತಿದ್ದರು. ಡಾಂಬರಿನ ಕೆಲಸದವರ ಗುಡಾರಗಳು ಅಲ್ಲೇ ಇದ್ದವು. ಅಲ್ಲಿಯವಳು ಅವಳು. ಸೊಂಟದ ಮೇಲೆ ಮಗಳಿದ್ದಳು, ಮಗಳ ಅಂಗಾಲಿನಲ್ಲಿ ಬೊಬ್ಬೆಗಳಿದ್ದವು. ಅಲ್ಲಿ ನಡೆದದ್ದನ್ನು ಅವಳೇ ಆಮೇಲೆ ನಮಗೆ ಹೇಳಿದ್ದು.

"ಕೂಸಿಗೆ ಒಂದು ಜೊತೆ ಚಪ್ಪಲಿ ಕೊಡವ್ವ. ನೆಲ ಸುಡ್ತೈತೆ."

"ಅದು ಬೇರೆಯವರದು ಕಣವ್ವ. ಬರ್ತೀನಿ ಅಂದಾರೆ."

"ಯಾವಾಗ ಅಂದಿದ್ದು?"

ಎತ್ತಿಡುವವಳು ಚೀಟಿ ತಿರುಗಿಸಿ ದಿನ ಓದಿದಳು. ಡಾಂಬರಿನ ಹೆಂಗಸು ಬೆರಳು ಮಡಚಿ ಲೆಕ್ಕ ಹಾಕಿ, "ಆವಾಗ ನಾನೇ ಹುಟ್ಟಿರ್ಲಿಲ್ಲ" ಅಂತ ನಕ್ಕಳು. ನಕ್ಕು, ಮಗಳನ್ನು ಕಟ್ಟೆಯ ಮೇಲೆ ಕೂರಿಸಿದಳು.

ಎತ್ತಿಡುವವಳು ಆ ಚೀಟಿಯನ್ನು ಇನ್ನೊಂದು ಸಲ ಓದಿದಳಂತೆ. ಆಮೇಲೆ ಅದನ್ನು ಹರಿದಳು. ಚಾವಣಿ ಬೀಳುತ್ತದೇನೋ ಅಂತ ಒಮ್ಮೆ ಮೇಲೆ ನೋಡಿದಳು. ಬೀಳಲಿಲ್ಲ. ಮಗುವಿನ ಕಾಲಿಗೆ ತಾನೇ ಚಪ್ಪಲಿ ತೊಡಿಸಿದಳು.

"ನಿಮ್ಮೋರು ಎಷ್ಟು ಜನ ಅವ್ರೆ? ಎಲ್ರನ್ನೂ ಕರ್ಕೊಂಡು ಬಾ" ಅಂದಳು.

ಸುದ್ದಿ ನಮಗೆ ಮುಟ್ಟುವ ಹೊತ್ತಿಗೆ ಮಧ್ಯಾಹ್ನ ಇಳಿದಿತ್ತು. ಡಾಂಬರಿನವರ ಮಕ್ಕಳು ನಮ್ಮ ಅಂಗಿ ಹಾಕಿಕೊಂಡು, ನಮ್ಮ ಛತ್ರಿ ಬಿಚ್ಚಿಕೊಂಡು, ನಮ್ಮ ಗೊಂಬೆಗಳ ಕೈ ಹಿಡಿದು ಹೊಸ ದಾರಿಯ ಮೇಲೆ ಓಡಾಡುತ್ತಿವೆಯಂತೆ! ನಲವತ್ತು ವರ್ಷದಿಂದ ಮಡಿಕೆ ಬಿಚ್ಚದ ಸೀರೆಗಳಲ್ಲಿ ಹೆಂಗಸರು ಕಲ್ಲು ಹೊರುತ್ತಿದ್ದಾರಂತೆ! ನಮ್ಮ ರಕ್ತ ಕುದಿಯಿತು. ಒಲೆ ಆರಿಸದೆ, ಬಾಗಿಲು ಹಾಕದೆ, ಅರ್ಧ ಬಿಚ್ಚಿದ ಪೆಟ್ಟಿಗೆಗಳನ್ನು ಹಾಗೇ ಬಿಟ್ಟು ಓಡಿದೆವು. ಎಷ್ಟೋ ವರ್ಷಗಳ ಮೇಲೆ ನಾಲ್ಕು ದಾರಿಯಿಂದಲೂ ಜನ ಮಾಲಿಗೆ ಬಂದರು.

"ನಂದೆಲ್ಲಿ? ನಂದು ಯಾರಿಗೆ ಕೊಟ್ಟೆ?" ಅಂತ ಎಲ್ಲರೂ ಒಟ್ಟಿಗೆ ಕೂಗಿದೆವು. ಹಲಗೆಗಳೆಲ್ಲ ಖಾಲಿಯಿದ್ದವು.

ಎತ್ತಿಡುವವಳು ಕಟ್ಟೆಯ ಹಿಂದಿನಿಂದ ಎದ್ದು ಬಂದಳು. ಅವಳನ್ನು ಕಟ್ಟೆಯ ಈಚೆ ನಾವು ಎಂದೂ ಸರಿಯಾಗಿ ನೋಡಿರಲಿಲ್ಲ. ಇಷ್ಟು ಚಿಕ್ಕವಳೇ ಅನ್ನಿಸಿತು. "ನಿಮ್ಮದು ಏನಿತ್ತು ಹೇಳಿ, ಈಸ್ಕೊಂಡು ಬಂದು ಕೊಡ್ತೀನಿ" ಅಂತ ಒಬ್ಬೊಬ್ಬರನ್ನೂ ಕೇಳಿದಳು.

  ನಾನು ಎತ್ತಿಡಿಸಿದ್ದು ಛತ್ರಿಯೋ ಬೂಟೋ, ಆಣೆ ಮಾಡಿ ಹೇಳುತ್ತೇನೆ, ಇವತ್ತಿಗೂ ನನಗೆ ಗೊತ್ತಿಲ್ಲ.

"ಏನೋ ಕೆಂಪುದು" ಅಂದ ಒಬ್ಬ ಮಾಸ್ತರ. "ನಮ್ಮಪ್ಪನ ಹೆಗಲ ಮೇಲೆ ಕೂತಿದ್ದೆ. ಅಲ್ಲಿಂದ ಕಂಡಿತ್ತು."

"ನಂದು ಏನೋ ಗೊತ್ತಿಲ್ಲ" ಅಂದಳು ಒಬ್ಬ ಸೊಸೆ. "ನಮ್ಮತ್ತೆ ಅವತ್ತು ಮೆಟ್ಟಿಲ ಮೇಲೆ ಹೆದರಿ ನನ್ನ ಕೈ ಹಿಡ್ಕೊಂಡಿದ್ರು. ಮದುವೆ ಆಗಿ ಆರು ವರ್ಷಕ್ಕೆ ಮೊದಲ್ನೇ ಸಲ."

ಒಬ್ಬರಾದ ಮೇಲೆ ಒಬ್ಬರು. ಸಾಮಾನು ಯಾರಿಗೂ ನೆನಪಿರಲಿಲ್ಲ, ಪಕ್ಕದಲ್ಲಿ ಯಾರಿದ್ದರು ಅನ್ನುವುದು ಎಲ್ಲರಿಗೂ ನೆನಪಿತ್ತು. ನಿಂತ ಮೆಟ್ಟಿಲ ಮೇಲೆ ಸಾಲಾಗಿ ಕೂತು ಹೇಳಿಕೊಂಡೆವು, ಒಣಗಿದ ಕಾರಂಜಿಯ ಸುತ್ತ ಕೂತು ಹೇಳಿಕೊಂಡೆವು. ಅತ್ತೆವು, ನಕ್ಕೆವು. ಚಾವಣಿಯ ಗಾಜಿನಿಂದ ಇಳಿಬಿಸಿಲು ಎಲ್ಲರ ಮೇಲೂ ಬಿದ್ದಿತ್ತು. ಡಾಂಬರಿನವರ ಮಕ್ಕಳು ಬಾಗಿಲಲ್ಲಿ ನಿಂತು ನಮ್ಮನ್ನೇ ನೋಡುತ್ತಿದ್ದರು. ಮಾಲ್ ಅಷ್ಟು ತುಂಬಿದ್ದು, ಅಷ್ಟು ಚೆನ್ನಾಗಿದ್ದದ್ದು ಅದರ ಒಳ್ಳೆಯ ಕಾಲದಲ್ಲೂ ನಾನು ಕಂಡಿಲ್ಲ.

ಅಷ್ಟರಲ್ಲಿ ಹೊರಗೆ ಮೂಡಣ ದಾರಿಯ ಬಸ್ಸು ಹಾರ್ನ್ ಹೊಡೆಯಿತು. ಅವಳು ಕಾವಲುಗಾರನ ಟೋಪಿಯನ್ನು ಕಟ್ಟೆಯ ಮೇಲಿಟ್ಟು, ಸಣ್ಣದೊಂದು ಚೀಲ ಹಿಡಿದು ನಡೆದಳು. ನಾವು ಎದ್ದು ದಾರಿ ಬಿಟ್ಟೆವು. ಹಿಂದೆಯೇ ಹೋದೆವು.

"ಯಾವಾಗ ಬರ್ತೀಯ ಯಕ್ಕಾ?" ಅಂತ ನಾನೇ ಕೇಳಿದೆ. ಕೇಳಬಾರದಿತ್ತು, ಬಾಯಿ ತಡೆಯಲಿಲ್ಲ.

ಅವಳು ಬಸ್ಸಿನ ಮೆಟ್ಟಿಲ ಮೇಲೆ ನಿಂತು ನಮ್ಮನ್ನೆಲ್ಲ ನೋಡಿದಳು. ಅವಳಿಗೆ ನಮ್ಮ ಮೇಲೆ ಸಿಟ್ಟಿದ್ದ ಹಾಗೆ ಕಾಣಲಿಲ್ಲ. "ಬರಲ್ಲ" ಅಂದಳು.

ಅಷ್ಟು ನೇರವಾದ ಮಾತನ್ನು ನಮ್ಮ ಬಯಲಿನಲ್ಲಿ ಯಾರೂ ಆಡಿರಲಿಲ್ಲ. ಬಸ್ಸು ಹೊರಟ ಮೇಲೂ ನಾವು ಹಾಗೇ ನಿಂತಿದ್ದೆವು.

ಮೂರು ದಿನದ ಮೇಲೆ ಕಂಡಕ್ಟರ್ ಬಂದ. ಊರೆಲ್ಲ ಅವನನ್ನು ಮುತ್ತಿಕೊಂಡಿತು. ತಂಗಿ ನೋಡಿದಳೇ, ಕಣ್ಣು ಇನ್ನೂ ಇತ್ತೇ, ಹೇಳು ಮಾರಾಯ.

ಅವನು ಬಸ್ಸಿನ ಚಕ್ರಕ್ಕೆ ಒರಗಿ ಕೂತ. "ಅವ್ರ ತಂಗಿ ಸ್ಟಾಪಿಗೇ ಬಂದು ನಿಂತಿದ್ರು, ಮೊಮ್ಮಗಳ ಭುಜ ಹಿಡ್ಕೊಂಡು. ಯಕ್ಕ ಇಳಿದು ಎದುರಿಗೆ ಹೋಗಿ, ಕಾಣ್ತೀನಾ ಅಂದ್ರು. ಕಾಣ್ತೀಯಲ್ಲೇ, ನಿಚ್ಚಳವಾಗಿ ಕಾಣ್ತೀಯ, ಏನೂ ಬದಲಾಗಿಲ್ಲ ನೀನು ಅಂದ್ರು ತಂಗಿ."

ನಮಗೆ ಜೀವ ಬಂದಂತಾಯಿತು.

"ಆದ್ರೆ ಅವ್ರು ಹಂಗೆ ಅಂದಿದ್ದು ನನ್ನ ಕಡೆ ತಿರುಗಿ" ಅಂದ ಕಂಡಕ್ಟರ್. "ನಾನು ಬಸ್ಸಿನ ಹತ್ರ ಇದ್ದೆ. ಯಕ್ಕ ನಿಂತಿದ್ದೇ ಬೇರೆ ಕಡೆ."

 ಸುಳ್ಳು ಗೊತ್ತಿಲ್ಲದ ಊರು ಅದು.

"ಎತ್ತಿಡುವವಳು ಏನಂದಳು?" ಅಂತ ಕಡೆಗೆ ಯಾರೋ ಕೇಳಿದರು.

"ಏನೂ ಅನ್ಲಿಲ್ಲ. ನಂಬಿದ್ರು" ಅಂದ ಅವನು. "ನಂಬಿ, ತಲೆಗೂದಲು ಒತ್ತಿ, ಸೆರಗು ಸರಿಮಾಡ್ಕೊಂಡು ಇನ್ನೂ ಹತ್ರ ಹೋಗಿ ನಿಂತ್ರು, ಚೆನ್ನಾಗಿ ನೋಡ್ಲಿ ಅಂತ."